ಕರೆಯದ ವಾಸ್ತುಹೋಮ

ಟಿವಿಯೊಳಗಿನ ದೇವರಿಗೆ ಅಂಜುವ ಪೈಕಿ ನಾನಲ್ಲ ಎಂದು ಎಷ್ಟೋ ವರ್ಷ ಅಂದುಕೊಂಡಿದ್ದೆ. ಧಾರವಾಡದ ನಮ್ಮ ಮನೆಯಲ್ಲಿ ಶಿವ-ಶಕ್ತಿಯರ ಧಾರಾವಾಹಿ ಶುರುವಾಗುವ ಮೊದಲು ಅವ್ವ ಟಿವಿಯ ಹಣೆಗೆ ವಿಭೂತಿ ಬಳಿದು, ಎದುರಿಗೆ ದೀಪ ಹಚ್ಚಿ ಕೈ ಮುಗಿದು ಕೂಡುತ್ತಾಳೆ. ಜಾಹೀರಾತು ಬಂದಾಗ ಮಾತ್ರ ಕೈ ಇಳಿಸುತ್ತಾಳೆ. ನೋಡಿ ನಗುತ್ತಿದ್ದೆ.

ಆ ಸಂಜೆ ನಗಲಾಗಲಿಲ್ಲ. ಪರದೆಯ ಮೇಲೆ ದಕ್ಷ ಸಭೆಗೆ ಬಂದ. ಎಲ್ಲರೂ ಎದ್ದರು, ಅಳಿಯ ಶಿವ ಏಳಲಿಲ್ಲ. ನನ್ನ ಎದೆ ಧಸಕ್ಕೆಂದಿತು. ಈಚೆಗೆ ಒಂದು ಮದುವೆಯ ಪಂಕ್ತಿಯಲ್ಲಿ ನನಗೆ ಹೆಣ್ಣು ಕೊಟ್ಟ ಮಾವ ಬಂದಾಗ ನಾನೂ ಎದ್ದಿರಲಿಲ್ಲ. ಶಿವ ಧ್ಯಾನದಲ್ಲಿದ್ದ, ನಾನು ಗೋಧಿ ಹುಗ್ಗಿಯಲ್ಲಿದ್ದೆ. ಸಿಟ್ಟಾದ ಮಾವ ಉಪ್ಪಿನಬೆಟಗೇರಿಯ ಹೊಸ ಮನೆಯ ವಾಸ್ತುಹೋಮಕ್ಕೆ ಬಳಗದವರನ್ನೆಲ್ಲ ಮನೆಮನೆಗೆ ಹೋಗಿ ಕುಂಕುಮ-ಅಕ್ಷತೆ ಕೊಟ್ಟು ಕರೆದು, ನಮ್ಮ ಹೊಸ್ತಿಲು ಮಾತ್ರ ತುಳಿದಿರಲಿಲ್ಲ. ಹೋಮ ಮರುದಿನವೇ ಇತ್ತು.

ದಕ್ಷನೂ ಯಜ್ಞಕ್ಕೆ ಮಗಳನ್ನು ಕರೆಯಲಿಲ್ಲ. "ತವರಿಗೆ ಹೋಗಲು ಕರೆ ಯಾಕೆ ಬೇಕು?" ಎಂದು ಸತಿ ಕೇಳುತ್ತಿರುವಾಗಲೇ ಕರೆಂಟು ಹೋಯಿತು. ಟಿವಿ ಕಪ್ಪಾಯಿತು. ಅವ್ವನ ದೀಪವೊಂದೇ ಉಳಿಯಿತು. ಆದರೆ ಸತಿಯ ಮಾತು ನಿಲ್ಲಲಿಲ್ಲ. "ನಾ ಹೋಗಾಕಿನ. ನಮ್ಮಪ್ಪನ ಮನಿಗೆ ಹೋಗಾಕ ನನ್ನ ಯಾರ ಕರೀಬೇಕು?"

ಅದು ನನ್ನ ಹೆಂಡತಿ ಗಿರಿಜಾ. ದೀಪದ ಬೆಳಕಿನಲ್ಲಿ ಅರ್ಧ ಮುಖವಷ್ಟೇ ಕಾಣುತ್ತಿತ್ತು. ಕಣ್ಣು ಮಿಟುಕಿಸದೆ ಆ ಕಪ್ಪು ಪರದೆಯನ್ನೇ ನೋಡುತ್ತಿದ್ದಳು. ಮುಂದಿನ ಕಥೆ ನನಗೆ ಗೊತ್ತಿತ್ತು: ಅಪ್ಪ ಮಾಡಿದ ಅವಮಾನ ತಾಳದೆ ಸತಿ ಯಜ್ಞದ ಬೆಂಕಿಗೆ ಬೀಳುತ್ತಾಳೆ. "ಹೋಗಬ್ಯಾಡ" ಎಂದೆ. ಶಿವನೂ ಹಾಗೇ ಅಂದಿದ್ದನೆಂದು ನೆನಪಾಗಿ ಬಾಯಿ ಮುಚ್ಚಿಕೊಂಡೆ.

ಅವ್ವ ಕತ್ತಲೆಯಿಂದಲೇ ಹೇಳಿದಳು. "ಆ ಶಿವಾ ಆಕಿನ್ನ ಒಬ್ಬಾಕಿನ್ನ ಕಳಿಸಿ ಕೆಟ್ಟ. ನೀ ಜೋಡಿ ಹೋಗಪಾ."

ಮರುದಿನ ಹೋದೆವು. ಹೋಮದ ಹೊಗೆಯೊಳಗಿಂದ ಮಾವ ಬಾಗಿಲಿಗೆ ಬಂದರು. ಗಿರಿಜಾ ನನ್ನ ಕೈ ಹಿಡಿದುಕೊಂಡಳು. ಮಾವ ಅವಳನ್ನಷ್ಟೇ ನೋಡಿ, "ನೀ ಒಳಗ ಬಾ" ಎಂದರು.

"ಬಂದ್ರ ಇಬ್ರೂ ಬರತೇವಿ ಅಪ್ಪಾ. ಇಲ್ಲಂದ್ರ ಇಬ್ರೂ ಹೊಳ್ಳಿ ಹೋಗತೇವಿ."

ಒಳಗೆ ಬೆಂಕಿಯಲ್ಲಿ ಏನೋ ಚಟಾರನೆ ಸಿಡಿಯಿತು. ಮಾವ ಪಕ್ಕಕ್ಕೆ ಸರಿದು ದಾರಿ ಬಿಟ್ಟರು.

ಪೂರ್ಣಾಹುತಿ ಮುಗಿಯುವತನಕ ಅವಳ ಸೆರಗಿನ ತುದಿಯನ್ನು ಮುಷ್ಟಿಯಲ್ಲಿ ಬಿಗಿಹಿಡಿದು ಕೂತಿದ್ದೆ. ಉರಿ ಮೇಲೆದ್ದಾಗಲೆಲ್ಲ ಇನ್ನೊಂದು ಸುತ್ತು ಸುತ್ತಿಕೊಂಡೆ. "ಅಳಿಯಾಗ ಹೇಂತಿ ಮ್ಯಾಲ ಭಾಳ ಜೀವ ನೋಡ್ರಿ" ಎಂದು ಹೆಂಗಸರು ಕಿಸಕ್ಕೆಂದರು. ಗಿರಿಜಾ ಮದುಮಗಳಂತೆ ನಾಚಿದಳು. ಅದು ಬರೀ ಅಂಜಿಕೆ ಎಂದು ನಾನು ಇವತ್ತಿನವರೆಗೂ ಅವಳಿಗೆ ಹೇಳಿಲ್ಲ.