ಎಲ್ಲರಿಗೂ ಒಂದೇ ವೈರು

ಮನೆಮನೆಗೆ ಇಂಟರ್ನೆಟ್ ವೈರು ಎಳೆಯುವ ಕಂಪನಿಯಲ್ಲಿ ಕೆಲಸ ಮಾಡುವವರು ನಗುವನ್ನು ಹುಡುಕಿಕೊಂಡು ಹೋಗಬೇಕಾಗಿಲ್ಲ. ಅದೇ ಕಂಪ್ಲೇಂಟ್ ನಂಬರ್ ಹಾಕಿಸಿಕೊಂಡು ಬರುತ್ತೆ. ನಾನು ಮೈಸೂರು ಕಡೆಯವಳು, ಮದುವೆಯಾಗಿ ಚೆನ್ನೈಗೆ ಬಂದವಳು. ಹದಿನೈದು ವರ್ಷದಿಂದ ಅಡ್ಯಾರ್‌ನ ಒಂದು ಪುಟ್ಟ ಕಂಪನಿಯಲ್ಲಿ ಗಿರಾಕಿಗಳ ದೂರು ನೋಡಿಕೊಳ್ಳುವ ಸೂಪರ್‌ವೈಸರ್. ದೊಡ್ಡ ಕಂಪನಿಗಳ ಜಾಹೀರಾತಿನಲ್ಲಿ ಸಿನಿಮಾ ನಟರು ಬರುತ್ತಾರೆ. ನಮ್ಮ ಜಾಹೀರಾತಿನಲ್ಲಿ ಓನರ್ ಫೋನ್ ನಂಬರ್ ಬರುತ್ತೆ, ಅದೂ ಕರೆಂಟ್ ಕಂಬದ ಮೇಲೆ.

ಓನರ್ ತಮಿಳರು, ಮೊದಲು ಕೇಬಲ್ ಟಿವಿ ನಡೆಸುತ್ತಿದ್ದವರು. ಕೆಲಸಕ್ಕೆ ಸೇರಿದ ದಿನ ನನ್ನನ್ನು ಕೂರಿಸಿಕೊಂಡು ಹೇಳಿದ್ದು ಒಂದೇ ಮಾತು: "ಅಮ್ಮಾ, ನಾವು ರೋಡ್ ಹಾಕೋರು. ಅದರ ಮೇಲೆ ಕಾರು ಹೋಗಲಿ, ಸೈಕಲ್ ಹೋಗಲಿ, ತಡೆಯೋದು ನಮ್ಮ ಕೆಲಸ ಅಲ್ಲ. ಕಾಸು ಕೊಟ್ಟವರ ಗಾಡಿಗೆ ಮಾತ್ರ ದಾರಿ ಬಿಡೋದಂತೂ ಅಲ್ಲವೇ ಅಲ್ಲ."

ಇದಕ್ಕೆ ನೆಟ್ ನ್ಯೂಟ್ರಾಲಿಟಿ ಅನ್ನುವ ದೊಡ್ಡ ಹೆಸರಿದೆ ಅಂತ ಎಷ್ಟೋ ದಿನದ ಮೇಲೆ ಪೇಪರಿನಲ್ಲಿ ಓದಿ, ಓನರ್‌ಗೆ ತೋರಿಸಿದೆ. "ಓಹೋ, ಹೆಸರೂ ಇಟ್ಟಾಯ್ತಾ?" ಅಂದರು, ಪಕ್ಕದ ಮನೆ ಮಗುವಿನ ನಾಮಕರಣಕ್ಕೆ ತಮ್ಮನ್ನು ಕರೆಯದೇ ಇದ್ದವರ ಹಾಗೆ.

ಮಿನಿ ಮೀಲ್ಸ್

ಅಡ್ಯಾರ್‌ನಲ್ಲಿ ಒಬ್ಬರು ಅಜ್ಜಿ ಹೊಸ ಕನೆಕ್ಷನ್ ಬೇಕು ಅಂತ ಫೋನ್ ಮಾಡಿದರು. ಹೋದೆ. ನನ್ನ ತಮಿಳು ಎರಡು ವಾಕ್ಯ ಕೇಳುತ್ತಿದ್ದ ಹಾಗೇ, "ನೀನು ನಮ್ಮ ಕಡೆಯವಳಲ್ವೇನೇ?" ಅಂತ ಕನ್ನಡಕ್ಕೆ ಇಳಿದರು. ನನ್ನ ತಮಿಳಿನ ಗುಣವೇ ಅಂಥದ್ದು.

"ನೋಡಮ್ಮ, ನನಗೆ ಪೂರ್ತಿ ಇಂಟರ್ನೆಟ್ ಬೇಡ. ಭಜನೆ, ಅಡುಗೆ, ಮೊಮ್ಮಗಳ ವಿಡಿಯೋ ಕಾಲು. ಮೂರೇ ಮೂರು. ಕ್ರಿಕೆಟ್ ಬೇಡ, ಸಿನಿಮಾ ಬೇಡ. ಅಷ್ಟಕ್ಕೆ ಎಷ್ಟಾಗುತ್ತೆ ಹೇಳು."

"ಹಾಗೆಲ್ಲ ಬಿಡಿಬಿಡಿಯಾಗಿ ಕೊಡೋಕ್ಕಾಗಲ್ಲ ಅಜ್ಜಿ."

"ಯಾಕಾಗಲ್ಲ? ಹೋಟೆಲಲ್ಲಿ ಮಿನಿ ಮೀಲ್ಸ್ ಕೊಡಲ್ವಾ?"

ನಾನು ಸ್ವಲ್ಪ ಯೋಚಿಸಿ ಹೇಳಿದೆ: "ಅಜ್ಜಿ, ಇವತ್ತು ಯಾವ ಮೂರು ಅಂತ ನೀವು ಹೇಳ್ತೀರಿ. ಹಾಗೆ ತುಂಡು ಮಾಡೋ ಕತ್ತಿ ಒಂದು ಸಲ ಕಂಪನಿಯವರ ಕೈಗೆ ಬಂದ್ರೆ, ನಾಳೆ ಅವರು ಹೇಳ್ತಾರೆ. ಅಡುಗೆ ಫ್ರೀ, ಭಜನೆಗೆ ಎಕ್ಸ್‌ಟ್ರಾ ಅಂತಾರೆ."

ಅಜ್ಜಿ ಕನ್ನಡಕ ತೆಗೆದರು. "ದೇವರ ನಾಮಕ್ಕೆ ಎಕ್ಸ್‌ಟ್ರಾನಾ?"

"ನಾವು ಹಾಕಲ್ಲ. ಬಿಟ್ರೆ ಹಾಕೋರು ಇದ್ದಾರೆ."

"ಹಾಗಾದ್ರೆ ಪೂರ್ತೀನೇ ಕೊಡು," ಅಂತ ಅಲ್ಲೇ ಸಹಿ ಹಾಕಿದರು.

ಮೂರು ತಿಂಗಳ ಮೇಲೆ ಅದೇ ಮನೆಯಿಂದ ದೂರು: ಚಿತ್ರ ನಿಂತು ನಿಂತು ಬರುತ್ತಿದೆ. ಹೋಗಿ ನೋಡಿದರೆ, ಹಾಲ್‌ನಲ್ಲಿ ಅಜ್ಜಿ, ಅಕ್ಕಪಕ್ಕದ ಮನೆಯ ಮೂವರು ಮಾಮಿಯರು, ತಟ್ಟೆ ತುಂಬ ಚಕ್ಕುಲಿ, ಟಿವಿಯಲ್ಲಿ ಟೆಸ್ಟ್ ಮ್ಯಾಚ್.

"ಅಜ್ಜಿ, ಕ್ರಿಕೆಟ್ ಬೇಡ ಅಂದಿದ್ರಲ್ಲ?"

"ದುಡ್ಡು ಕೊಟ್ಟ ಮೇಲೆ ದಂಡ ಆಗಬಾರದು ಅಂತ ನೋಡೋಕೆ ಶುರು ಮಾಡ್ದೆ. ಮೊದಲು ಲೈನ್ ಸರಿ ಮಾಡು. ಆ ಎಡಗೈ ಹುಡುಗನಿಗೆ ಆಫ್ ಸ್ಟಂಪ್ ಎಲ್ಲಿದೆ ಅಂತಾನೇ ಗೊತ್ತಿಲ್ಲ ಕಣೇ, ನನಗೆ ಕೂತಲ್ಲಿ ಕೂರೋಕ್ಕಾಗ್ತಿಲ್ಲ!"

ಎದುರು ಹೋಟೆಲಿನ ವಡೆ

ನಮ್ಮ ಆಫೀಸಿನ ಹತ್ತಿರ ಕುಂದಾಪುರ ಕಡೆಯವರ ಒಂದು ಸಸ್ಯಾಹಾರಿ ಹೋಟೆಲಿದೆ. ಯಜಮಾನರು ಒಂದು ಬೆಳಿಗ್ಗೆ ನನ್ನನ್ನು ಕರೆದು, ಗಲ್ಲಾದ ಪಕ್ಕ ಕೂರಿಸಿ, ಧ್ವನಿ ತಗ್ಗಿಸಿದರು.

"ಮೇಡಂ, ಒಂದು ಉಪಕಾರ ಆಗಬೇಕಿತ್ತು. ಈ ಏರಿಯಾದಲ್ಲಿ ಸುಮಾರು ಮನೆಗೆ ನಿಮ್ಮದೇ ವೈರ್ ಅಲ್ವಾ? ಜನ ಮೊಬೈಲಲ್ಲಿ ಆರ್ಡರ್ ಮಾಡುವಾಗ ನಮ್ಮ ಹೋಟೆಲಿನ ಪೇಜು ಪಟಕ್ಕನೆ ಓಪನ್ ಆಗಬೇಕು. ಎದುರು ಹೋಟೆಲಿಂದು ಸ್ವಲ್ಪ... ಸುತ್ತುತ್ತಾ ಇರಬೇಕು. ಅಷ್ಟೆ. ಬಂದ್ ಮಾಡುದು ಬೇಡ. ಪಾಪ, ಅವರೂ ಊರಿನವರೇ."

"ಅದು ಮಾಡೋ ಹಾಗಿಲ್ಲ ಸಾರ್. ಕಾನೂನೂ ಒಪ್ಪಲ್ಲ, ನಮ್ಮ ಓನರ್ರೂ ಒಪ್ಪಲ್ಲ."

"ಎಂತ ಮಾರಾಯ್ರೆ, ನಿಮ್ಮದೇ ವೈರು. ನಿಮ್ಮ ವೈರಿಗೆ ನೀವು ಹೇಳ್ಲಿಕ್ಕೆ ಆಗುದಿಲ್ವಾ?"

ಅಷ್ಟರಲ್ಲಿ ದೊಡ್ಡ ಕಾರಿನಲ್ಲಿ ಬಂದ ಒಬ್ಬರು, ಪಾರ್ಸಲ್ ಕೌಂಟರಿನ ಸಾಲು ತಪ್ಪಿಸಿ ನೇರ ಗಲ್ಲಾಕ್ಕೇ ಬಂದು ಐನೂರರ ನೋಟು ಮುಂದೆ ಹಿಡಿದರು. ಚಿಲ್ಲರೆ ಬೇಡ, ನನ್ನ ಪಾರ್ಸಲ್ ಮೊದಲು ಕಟ್ಟಿ ಅಂದರು. ಯಜಮಾನರು ನೋಟನ್ನು ಮುಟ್ಟಲೂ ಇಲ್ಲ. ಎದ್ದು ನಿಂತು ತಮಿಳಿನಲ್ಲಿ, "ಸಾರ್, ನಮ್ಮಪ್ಪ ಈ ಹೋಟೆಲ್ ಶುರು ಮಾಡಿದ ದಿನದಿಂದ ಇಲ್ಲಿ ಒಂದೇ ಸಾಲು. ಹಿಂದೆ ಹೋಗಿ," ಅಂದರು. ಸಾಲಿನಲ್ಲಿದ್ದ ಆಟೋದವರೊಬ್ಬರು ಶಿಳ್ಳೆ ಹಾಕಿದರು. ಕಾರಿನವರು ಹಿಂದೆ ಹೋದರು.

ನಾನು ಸುಮ್ಮನೆ ಯಜಮಾನರ ಮುಖ ನೋಡಿದೆ. ಅವರು ಸಾಲನ್ನು ನೋಡಿದರು, ನನ್ನನ್ನು ನೋಡಿದರು, ಜೋರಾಗಿ ನಕ್ಕುಬಿಟ್ಟರು. "ಆಯ್ತು ಮಾರಾಯ್ರೆ, ಗೊತ್ತಾಯ್ತು. ಒಂದೇ ಸಾಲು." ನನಗೆ ಕಾಫಿ ತರಿಸಿದರು. ನಿಜ ಹೇಳುತ್ತೇನೆ, ಆ ಮನುಷ್ಯನ ಮೇಲೆ ನನಗೆ ಹೆಮ್ಮೆ ಉಕ್ಕಿಬಂತು. ನಮ್ಮ ರಾಜ್ಯದವರು ಅಂತ ಆ ಸಾಲಿನಲ್ಲಿದ್ದವರಿಗೆಲ್ಲ ಹೇಳಬೇಕು ಅನ್ನಿಸಿತು.

ಕಾಫಿ ಕುಡಿದು ಏಳುವಾಗ ಮತ್ತೆ ಕರೆದರು. "ಸ್ಲೋ ಮಾಡುದು ಬೇಡ ಮೇಡಂ, ಅದು ತಪ್ಪು. ಆದರೆ ಫೋಟೋದಲ್ಲಿ ಅವರ ವಡೆ ಸ್ವಲ್ಪ ಸಣ್ಣದು ಕಾಣುವ ಹಾಗೆ ಮಾಡ್ಲಿಕ್ಕೆ ಆಗ್ತದಾ?"

ಒಂದೇ ಬದನೆಕಾಯಿ ಅಂಗಡಿ

ಪಲ್ಲಾವರಂ ಕಡೆ ಒಂದು ದೊಡ್ಡ ಅಪಾರ್ಟ್‌ಮೆಂಟು. ಕಟ್ಟಿದ ಬಿಲ್ಡರ್ ಯಾವುದೋ ಒಂದು ಇಂಟರ್ನೆಟ್ ಕಂಪನಿ ಜೊತೆ ಒಪ್ಪಂದ ಮಾಡಿಕೊಂಡಿದ್ದ. ಹಾಗಾಗಿ ಅಲ್ಲಿಗೆ ಅದೊಂದರ ವೈರು ಬಿಟ್ಟರೆ ಬೇರೆಯವರದ್ದು ಗೇಟ್ ದಾಟುವಂತಿರಲಿಲ್ಲ. ಬೇರೆ ದಾರಿಯಿಲ್ಲದ ಮೇಲೆ ಕೇಳಬೇಕೇ? ಪಕ್ಕದ ಬೀದಿಯವರು ಕೊಡುವುದರ ಎರಡರಷ್ಟು ಬಾಡಿಗೆ. ಕೆಟ್ಟರೆ ರಿಪೇರಿಗೆ ಒಂದು ವಾರ. ಮನೆಯಿಂದಲೇ ಆಫೀಸ್ ಕೆಲಸ ಮಾಡುವ ಒಬ್ಬ ಹೆಂಗಸು ಮೀಟಿಂಗ್ ಇದ್ದಾಗಲೆಲ್ಲ ಲ್ಯಾಪ್‌ಟಾಪ್ ಹಿಡಿದು ಅತ್ತೆಯ ಮನೆಗೆ ಓಡುತ್ತಿದ್ದಳಂತೆ. ಸೊಸೆಯೊಬ್ಬಳು ತಾನಾಗಿ ಅತ್ತೆ ಮನೆಗೆ ದಿನವೂ ಹೋಗುವಂತಾದರೆ ಇಂಟರ್ನೆಟ್ ಎಷ್ಟು ಕೆಟ್ಟಿರಬೇಕು, ನೀವೇ ಯೋಚಿಸಿ.

ಆಕೆಯೇ ನಮಗೆ ಫೋನ್ ಮಾಡಿದ್ದು. ನಿವಾಸಿಗಳ ಸಭೆಗೆ ಓನರೂ ನಾನೂ ಹೋದೆವು. ಸಂಘದ ಕಾರ್ಯದರ್ಶಿಗೆ ನಮ್ಮನ್ನು ಕಂಡರೆ ಆಗಲಿಲ್ಲ. "ಇವರಿಗೆ ಬಿಟ್ಟರೆ ಇನ್ನೊಬ್ಬರು ಬರುತ್ತಾರೆ, ಮತ್ತೊಬ್ಬರು ಬರುತ್ತಾರೆ. ಗೋಡೆ ತುಂಬ ವೈರು ನೇತಾಡುತ್ತೆ. ಒಂದೇ ಕಂಪನಿ ಇದ್ದರೆ ನಮ್ಮಲ್ಲೂ ಒಗ್ಗಟ್ಟಿರುತ್ತೆ," ಅಂತ ಹತ್ತು ನಿಮಿಷ ಭಾಷಣ ಮಾಡಿದರು. ನಾನು ಎದ್ದು ನನ್ನ ಮೈಸೂರು ತಮಿಳಿನಲ್ಲಿ ಉತ್ತರ ಕೊಡುವಷ್ಟರಲ್ಲಿ ಅರ್ಧ ಜನಕ್ಕೆ ನಗು, ಇನ್ನರ್ಧಕ್ಕೆ ನಿದ್ದೆ.

ಆಗ ಹಿಂದಿನ ಸಾಲಿನಿಂದ ಒಬ್ಬ ಪಾಟಿ, ಅಂದರೆ ಅಜ್ಜಿ, ಎದ್ದಳು, ಆ ಲ್ಯಾಪ್‌ಟಾಪ್ ಹೆಂಗಸಿನ ಅಮ್ಮ. "ನನಗೆ ನಿಮ್ಮ ವೈರು ಗೊತ್ತಿಲ್ಲಪ್ಪ. ನಾನು ಶುಕ್ರವಾರ ಸಂತೆಗೆ ಹೋಗುವವಳು. ಅಲ್ಲಿ ಬದನೆಕಾಯಿಯವನು ಒಬ್ಬನೇ ಇದ್ದರೆ ನನ್ನನ್ನು ಬದನೆಕಾಯಿ ಮುಟ್ಟೋಕೂ ಬಿಡಲ್ಲ. ಹತ್ತು ಜನ ಇರೋದಕ್ಕೇ 'ವಾಂಗಮ್ಮಾ, ಬನ್ನಿ ಅಮ್ಮಾ' ಅಂತ ಕೊತ್ತಂಬರಿ ಸೊಪ್ಪು ಬಿಟ್ಟಿ ಕೊಡ್ತಾನೆ. ಒಗ್ಗಟ್ಟಂತೆ ಒಗ್ಗಟ್ಟು!"

ಅಷ್ಟೇ. ಎಲ್ಲರ ಕೈಯೂ ಮೇಲೆ. ಯಾವ ಕಂಪನಿ ಬೇಕಾದರೂ ಬರಬಹುದು ಅಂತ ನಿರ್ಣಯವಾಯಿತು. ಓನರ್ ಆ ಅಜ್ಜಿಗೆ ಕೈ ಮುಗಿದರು.

ಮಾರನೆಯ ವಾರ ನಾವು ವೈರಿನ ಸುರುಳಿ ಹೊತ್ತುಕೊಂಡು ಹೋಗುವಷ್ಟರಲ್ಲಿ ಒಂದು ವಿಚಿತ್ರ ನಡೆದಿತ್ತು. ಹಳೆಯ ಕಂಪನಿಯವರು ಬಾಡಿಗೆಯನ್ನು ಅರ್ಧಕ್ಕೆ ಇಳಿಸಿ, ಕೆಟ್ಟ ದಿನವೇ ರಿಪೇರಿ ಅಂತ ಲಿಫ್ಟಿನಲ್ಲಿ ಚೀಟಿ ಅಂಟಿಸಿಬಿಟ್ಟಿದ್ದರು. ಅಷ್ಟು ದೊಡ್ಡ ಅಪಾರ್ಟ್‌ಮೆಂಟಿನಲ್ಲಿ ನಮಗೆ ಸಿಕ್ಕಿದ್ದು ಮೂರೇ ಮನೆ! ನಾನು ಅಳುವ ಹಾಗಾದೆ. ಓನರ್ ಮಾತ್ರ ಗೇಟಿನಲ್ಲಿ ಸೊಂಟಕ್ಕೆ ಕೈಯಿಟ್ಟು ಕಟ್ಟಡವನ್ನು ಕೆಳಗಿಂದ ಮೇಲಕ್ಕೆ ನೋಡಿ, "ಅಮ್ಮಾ, ವೈರೇ ಎಳೀದೆ ಇಷ್ಟು ಮನೆಗೆ ರೇಟ್ ಇಳಿಸಿದ ಕಂಪನಿ ಇಡೀ ಚೆನ್ನೈಯಲ್ಲಿ ನಮ್ಮದೊಂದೇ," ಅಂದರು.

ಆ ಮೂರು ಮನೆಗಳಲ್ಲಿ ಮೊದಲ ಮನೆ ಯಾರದು ಗೊತ್ತೇ? ಕಾರ್ಯದರ್ಶಿಯವರದು. ಯಾಕೆ ಸಾರ್ ಅಂತ ಕೇಳಿದೆ.

"ನಿಮಗೆ ಇಲ್ಲಿ ಗಿರಾಕಿಗಳೇ ಇಲ್ಲವಲ್ಲ ಮೇಡಂ, ಸ್ಪೀಡ್ ಚೆನ್ನಾಗಿರುತ್ತೆ."

ತಾರತಮ್ಯ

ಚೆನ್ನೈನ ಇನ್ನೊಂದು ತುದಿಯ ಮಣಲಿಯಲ್ಲಿ ನಮ್ಮದೊಂದು ಸಣ್ಣ ಬ್ರಾಂಚ್ ಇದೆ. ಅಲ್ಲಿಯ ಗಿರಾಕಿ, ಒಬ್ಬ ಇಂಜಿನಿಯರ್, ಫೋನ್ ಮಾಡಿ ಕಿವಿ ತೂತಾಗುವ ಹಾಗೆ ಕೂಗಿದರು. "ಸಂಜೆ ಆರರಿಂದ ಒಂಬತ್ತರವರೆಗೆ ವಿಡಿಯೋ ಮಾತ್ರ ಬರಲ್ಲ. ಮೇಲ್ ಬರುತ್ತೆ, ನ್ಯೂಸ್ ಬರುತ್ತೆ. ನೀವು ಬೇಕಂತಲೇ ತಡೀತಿದ್ದೀರಿ. ಇದು ನೆಟ್ ನ್ಯೂಟ್ರಾಲಿಟಿ ಉಲ್ಲಂಘನೆ! ದೆಹಲಿವರೆಗೂ ಹೋಗ್ತೀನಿ!"

ನಮ್ಮ ಮೇಲೆ ಯಾರೂ ಹೊರಿಸದಿದ್ದ ಆರೋಪ ಅದು. ನನಗೆ ರೋಷ ಬಂತು. ಅಡ್ಯಾರ್‌ನಿಂದ ಮಣಲಿಗೆ ಖುದ್ದಾಗಿ ಹೋದೆ. ಅವರ ರೂಟರ್ ಒಳಗೆ ನೋಡಿದರೆ ಯಾರೋ ಬೀಗ ಹಾಕಿದ್ದಾರೆ. ಸಂಜೆ ಆರರಿಂದ ಒಂಬತ್ತರವರೆಗೆ ಮಕ್ಕಳು ವಿಡಿಯೋ ನೋಡದ ಹಾಗೆ ತಡೆಯುವ ಬೀಗ.

"ಹೌದು, ಮಗಳ ಫೋನಿಗೆ ಹಾಕು ಅಂತ ಅವಳ ಕೈಯಲ್ಲೇ ಹಾಕಿಸಿದ್ದೆ. ಹತ್ತನೇ ಕ್ಲಾಸು," ಅಂದರು.

"ಇದು ನಿಮ್ಮ ಫೋನಿಗೂ ಬಿದ್ದಿದೆ ಸಾರ್. ಟಿವಿಗೂ ಬಿದ್ದಿದೆ."

ಮೂಲೆಯಲ್ಲಿ ಓದುತ್ತಿದ್ದ ಮಗಳು ಪುಸ್ತಕದಿಂದ ತಲೆ ಎತ್ತದೆ ಹೇಳಿದಳು: "ನ್ಯೂಟ್ರಾಲಿಟಿ ಅಪ್ಪಾ."

ಒಪ್ಪಿಗೆ ಪತ್ರ

ಇದು ಸ್ವಲ್ಪ ಹಳೆಯದು, ನಮ್ಮ ಮನೆಯದೇ. ಕೆಲವು ವೆಬ್‌ಸೈಟ್ ಮಾತ್ರ ಬಿಟ್ಟಿ, ಉಳಿದದ್ದಕ್ಕೆ ದುಡ್ಡು ಅನ್ನುವ ಯೋಜನೆಗಳ ಮಾತು ದೇಶದಲ್ಲೆಲ್ಲ ನಡೆದಿದ್ದ ಕಾಲ. ಜನರು ತಮ್ಮ ಅಭಿಪ್ರಾಯ ತಿಳಿಸಬಹುದು ಅಂತ ದೆಹಲಿಯ ಟೆಲಿಕಾಂ ಪ್ರಾಧಿಕಾರದಿಂದ ಪ್ರಕಟಣೆ ಬಂದಿತ್ತು. ನನ್ನ ಮಾವನವರು ಮಂಡ್ಯ ಕಡೆ ಹೈಸ್ಕೂಲ್ ಹೆಡ್‌ಮಾಸ್ಟರ್ ಆಗಿ ನಿವೃತ್ತರಾಗಿ ನಮ್ಮ ಜೊತೆಗೇ ಇದ್ದವರು. ಊಟಕ್ಕೆ ಕೂತಾಗ ನಾನು ವಿಷಯ ವಿವರಿಸಿದೆ.

"ಅಂದ್ರೆ ಲೈಬ್ರರೀಲಿ ನಾಲ್ಕು ಪುಸ್ತಕ ಪುಕ್ಕಟೆ, ಮಿಕ್ಕ ಬೀರುಗೆಲ್ಲ ಬೀಗ. ಅಷ್ಟೇ ತಾನೆ?" ಅಂದರು. ಹದಿನೈದು ದಿನದಿಂದ ಟಿವಿಯಲ್ಲಿ ಪಂಡಿತರು ಹೇಳಲು ಒದ್ದಾಡುತ್ತಿದ್ದದ್ದನ್ನು ಇವರು ಸಾರಿನಲ್ಲಿ ಅನ್ನ ಕಲಸುತ್ತಾ ಹೇಳಿಬಿಟ್ಟರು.

ಇಂಟರ್ನೆಟ್‌ನಲ್ಲಿ ಸಿದ್ಧ ಪತ್ರವೊಂದು ಓಡಾಡುತ್ತಿತ್ತು. ಹೆಸರು ಹಾಕಿ ಗುಂಡಿ ಒತ್ತಿದರೆ ಹೋಗುತ್ತಿತ್ತು. ನನ್ನ ಮಗ ತೋರಿಸಿದ. ಮಾವ ಸಿಟ್ಟಾದರು. "ಕಾಪಿ ಹೊಡೆಯೋದಾ? ಮೂವತ್ತೈದು ವರ್ಷ ಕಾಪಿ ಹೊಡೆದವರನ್ನ ಹಿಡಿದವನು ಕಣೋ ನಾನು!"

ಮೂರು ದಿನ ಕೂತು ಇಂಗ್ಲಿಷಿನಲ್ಲಿ ನಾಲ್ಕು ಪುಟ ಬರೆದರು. ನಾನು ಟೈಪ್ ಮಾಡಿದೆ. ಒಂದು ಅಲ್ಪವಿರಾಮ ಬಿಟ್ಟರೂ ಬೆತ್ತದ ದನಿ. ಕೊನೆಗೆ ಶುಕ್ರವಾರ ಬೆಳಿಗ್ಗೆ ಸ್ನಾನ ಮಾಡಿ, ಕುಂಕುಮ ಇಟ್ಟುಕೊಂಡು ಬಂದು, ತಾವೇ ಗುಂಡಿ ಒತ್ತಿದರು. ಅರ್ಧ ನಿಮಿಷದಲ್ಲಿ ಕಂಪ್ಯೂಟರ್ ತಾನಾಗಿ ಕಳಿಸುವ ಉತ್ತರ ಬಂತು. ಮಾವ ಅದನ್ನು ದೊಡ್ಡದಾಗಿ ಓದಿ, ಪ್ರಿಂಟ್ ಹಾಕಿಸಿ ಫೈಲಿನಲ್ಲಿ ಇಟ್ಟರು.

ಕೆಲವು ತಿಂಗಳ ಮೇಲೆ ತೀರ್ಮಾನ ಬಂತು: ವೆಬ್‌ಸೈಟಿಗೊಂದು ದರ ಇಡುವ ಹಾಗಿಲ್ಲ. ನಮ್ಮ ಆಫೀಸಿನಲ್ಲಿ ಓನರ್ ಎಲ್ಲರಿಗೂ ಮೈಸೂರ್‌ಪಾಕ್ ಹಂಚಿದರು. ನಾನು ಒಂದು ತುಂಡು ಮಾವನಿಗೆ ಅಂತ ತಂದರೆ ಮನೆಯಲ್ಲಿ ಮಾವನೇ ಬೀದಿಗೆಲ್ಲ ಪೇಡ ಹಂಚಿ ಬಂದಿದ್ದರು. ಹಾಲಿನವರಿಗೆ, ಇಸ್ತ್ರಿಯವರಿಗೆ, ಎದುರುಮನೆಯ ವಕೀಲರಿಗೆ, ಎಲ್ಲರಿಗೂ ಫೈಲು ತೆರೆದು ತೋರಿಸಿದ್ದರಂತೆ.

ಮಗನಿಗೆ ತಡೆಯಲಾಗಲಿಲ್ಲ. ನಾವು ಕನ್ನಡದಲ್ಲಿ ಕೇಳಿದರೆ ತಮಿಳಿನಲ್ಲಿ ಉತ್ತರ ಕೊಡುವವನು ಅವನು. ಅವತ್ತು ತಾತನಿಗೆ ಚೆನ್ನಾಗಿ ಅರ್ಥವಾಗಲಿ ಅಂತ ಕಷ್ಟಪಟ್ಟು ಕನ್ನಡದಲ್ಲೇ ಹೇಳಿದ: "ತಾತಾ, ಲಕ್ಷಗಟ್ಟಲೆ ಜನ ಬರೆದಿದ್ದಾರೆ. ನಿಮ್ಮದೊಂದೇ ಅಲ್ಲ."

"ಬರೆದಿರಬಹುದು. ಆದರೆ ದೆಹಲಿಯವರು ಸೋಲೊಪ್ಪಿಕೊಂಡಿದ್ದು ನನ್ನ ಹತ್ತಿರ."

"ಯಾವಾಗ?"

ಮಾವ ಫೈಲು ತೆಗೆದು ಆ ಪ್ರಿಂಟನ್ನು ಅವನ ಮುಂದಿಟ್ಟು, ಕೊನೆಯ ಸಾಲಿನ ಮೇಲೆ ಬೆರಳಿಟ್ಟರು. 'ನಿಮ್ಮ ಪತ್ರ ತಲುಪಿದೆ. ದಯವಿಟ್ಟು ಇದಕ್ಕೆ ಉತ್ತರ ಬರೆಯಬೇಡಿ' ಅಂತ ಇಂಗ್ಲಿಷಿನಲ್ಲಿತ್ತು.

"ಓದು. ಅರ್ಧ ನಿಮಿಷಕ್ಕೇ ಕೈ ಮುಗಿದಿದ್ದಾರೆ. ಸಾಕು ಮೇಷ್ಟ್ರೇ, ಒಪ್ಪಿದ್ವಿ, ಇನ್ನು ಬರೀಬೇಡಿ ಅಂತ!"