ನಾನು ಹುಕ್ಕೇರಿ ತೋರಿಸಿದ ನಾಲ್ಕು ರವಿವಾರ

ಬಾಯಿ ದೊಡ್ಡದಿದ್ದವರಿಗೆ ಇಂಥವು ಆಗುತ್ತಲೇ ಇರುತ್ತವೆ. ಮೇಲವಂಕಿಯಲ್ಲಿ ನನ್ನಷ್ಟು ದೊಡ್ಡ ಬಾಯಿ ಇನ್ನೊಬ್ಬರಿಗಿಲ್ಲ, ಇದನ್ನು ಹೆಮ್ಮೆಯಿಂದಲೇ ಹೇಳುತ್ತೇನೆ. ಆದ್ದರಿಂದ ಮರ್ಯಾದೆ ಹೋಗುವುದರಲ್ಲಿಯೂ ಊರಿಗೆ ನಾನೇ ಮುಂದು. ಅಂಥ ನಾಲ್ಕು ರವಿವಾರಗಳನ್ನು ಇಲ್ಲಿ ಬರೆಯುತ್ತಿದ್ದೇನೆ. ಬರೆಯುವಾಗಲೂ ಮುಖ ಬಿಸಿಯಾಗುತ್ತಿದೆ.

ಆದದ್ದು ಇಷ್ಟು. ನಮ್ಮೂರ ಹೈಸ್ಕೂಲಿನಲ್ಲಿ ಇತಿಹಾಸ ಕಲಿಸಿದ ಮಾಸ್ತರರು ನಿವೃತ್ತರಾದ ಮೇಲೆ ಹುಕ್ಕೇರಿಯಲ್ಲಿ ಮನೆ ಮಾಡಿದರು. ಹನ್ನೊಂದು ವರ್ಷದಿಂದ ಪ್ರತಿ ರವಿವಾರ ಮುಂಜಾನೆ, ಪರವೂರಿನಿಂದ ಬಂದವರನ್ನು ಕರೆದುಕೊಂಡು ಒಂದೂವರೆ ತಾಸು ಹಳೇ ಊರು ಅಡ್ಡಾಡಿಸುತ್ತಾರೆ. ಹಳೇ ಗೋರಿಗಳ ಗುಮ್ಮಟ, ಗೋಡೆ, ಬಾವಿ, ಓಣಿ. ಪುಕ್ಕಟೆ. ಈ ವರ್ಷ ಅವರ ಮೊಣಕಾಲಿನ ಆಪರೇಶನ್ ಆಯಿತು. ನಾನು ಮೂಡಲಗಿಯಲ್ಲಿ ಟ್ರ್ಯಾಕ್ಟರ್ ಸಾಮಾನಿನ ಅಂಗಡಿಯಲ್ಲಿ ಕೆಲಸ ಮಾಡುವವನು, ಮಾತನಾಡಿಸಿ ಬರೋಣವೆಂದು ಹೋದೆ.

"ನಾಲ್ಕ ರವಿವಾರ ನೀ ನಡಸ್ತಿ ಏನೋ?" ಅಂದರು ಮಾಸ್ತರರು. "ಚಲೋ ನಡಸಿದಿ ಅಂದ್ರ ಇದನ್ನ ನಿನಗ ಬಿಟ್ಟಕೊಡ್ತೇನಿ. ಇಲ್ಲಂದ್ರ ಇಲ್ಲಿಗೆ ನಿಲ್ಲಿಸೂದು. ನನ್ನ ಕಾಲ ಇನ್ನ ಸಾಥ ಕೊಡಂಗಿಲ್ಲ, ಬ್ಯಾರೆ ಯಾರೂ ಕೇಳಾಕೂ ಬಂದಿಲ್ಲ."

"ಸರ್, ನೀವು ಕಾಲ ಚಾಚಿ ಕುಂದರ್ರಿ. ಬೆಳಗಾವಿ ಜಿಲ್ಲಾದಾಗ ಇಂಥಾ ಗೈಡ್ ಹುಟ್ಟೇ ಇಲ್ಲ ಅನ್ನಬೇಕು ಮಂದಿ, ಹಂಗ ಮಾಡ್ತೇನಿ."

ಅವರು ಎರಡು ತಾಸು ಕೂರಿಸಿಕೊಂಡು ಒಂದೊಂದು ಕಲ್ಲಿನ ಕಥೆ ಹೇಳಿದರು. ನಾನು ಹೂಂ ಹೂಂ ಎನ್ನುತ್ತ, ಊರಿಗೆಲ್ಲ ಸುದ್ದಿ ಮುಟ್ಟಿಸಲು ಮೊಬೈಲ್ ಒತ್ತುತ್ತಿದ್ದೆ.

ಒಂದು: ಹಿಂದಕ ನೋಡ್ರಿ

ಮೊದಲ ರವಿವಾರ ಬಂದವರು ಮೈಸೂರು ಕಡೆಯ ಹನ್ನೊಂದು ಮಂದಿ. ಎಲ್ಲರೂ ವಯಸ್ಸಾದವರು, ತಲೆಗೆ ಬಿಳಿ ಟೊಪ್ಪಿಗೆ, ಕೈಯಲ್ಲಿ ನೀರಿನ ಬಾಟಲಿ. ಅವರನ್ನು ಗುಮ್ಮಟದ ಮುಂದೆ ನಿಲ್ಲಿಸಿ, ಎದೆ ಉಬ್ಬಿಸಿ, ಕೈ ಎತ್ತಿ ಶುರು ಮಾಡಿದೆ:

"ಹಿಂದಕ ನೋಡ್ರಿ, ಇಲ್ಲಿ ಆನಿ ಬರತಿದ್ವು!"

ಹನ್ನೊಂದೂ ಮಂದಿ ಗಕ್ಕನೆ ಹಿಂದೆ ತಿರುಗಿದರು. ಒಬ್ಬ ತಾಯಿ ಗಂಡನ ತೋಳು ಹಿಡಿದು ರಸ್ತೆಯ ಬದಿಗೆ ಎಳೆದರು. ಹಿಂದೆ ಹಾಲಿನ ಕ್ಯಾನು ಕಟ್ಟಿದ ಮೋಟರ್‌ಸೈಕಲ್ ಒಂದು ಬರುತ್ತಿತ್ತು.

ನಮ್ಮ ಕಡೆ 'ಹಿಂದಕ' ಅಂದರೆ ಹಳೇ ಕಾಲದಲ್ಲಿ. 'ನೋಡ್ರಿ' ಅಂದರೆ ಏನೂ ಅಲ್ಲ, ಮಾತಿಗೆ ಅಂಟಿಕೊಂಡು ಬರುವಂಥದ್ದು. ಅವರಿಗೆ ಎರಡೂ ಬೇರೆಯೇ ಕೇಳಿಸಿದವು. ನನಗೆ ಇದು ಹೊಳೆಯಲಿಲ್ಲ. ನನ್ನ ಮಾತಿನ ಜೋರಿಗೆ ಬೆಚ್ಚಿದರು ಅಂದುಕೊಂಡು ಖುಷಿಯಾಗಿ ಇನ್ನೂ ಜೋರು ಮಾಡಿದೆ.

"ಹಿಂದಕ ನೋಡ್ರಿ, ಇದು ಹೂವಿನ ಕೇರಿ! ಹಿಂದಕ ನೋಡ್ರಿ, ಇಲ್ಲಿಂದ ಸುಲ್ತಾನರಿಗೆ ಗುಲಾಬಿ ಹೋಗತಿದ್ವು!"

ತಿರುಗಿದರು. ಹಿಂದೆ ಬಾಗಿಲು ಮುಚ್ಚಿದ ಕಟಿಂಗ್ ಅಂಗಡಿ. ಮತ್ತೆ ಇತ್ತ ತಿರುಗುವಷ್ಟರಲ್ಲಿ ನಾನು ಇನ್ನೊಂದು ಹಿಂದಕ ಬಿಟ್ಟಿರುತ್ತಿದ್ದೆ. ಕೊನೆಗೆ ಅವರಲ್ಲಿ ಹಿರಿಯರೊಬ್ಬರು ಕುತ್ತಿಗೆ ಒತ್ತಿಕೊಳ್ಳುತ್ತ ಅಂದರು: "ನೀವು ತೋರಿಸೋದೆಲ್ಲ ಹಿಂದೇನೇ ಇದೆಯಲ್ಲಪ್ಪ. ನಾವೇ ತಿರುಗಿ ನಿಂತ್ಕೋತೀವಿ ಬಿಡಿ."

ಅಷ್ಟೂ ಮಂದಿ ಗುಮ್ಮಟಕ್ಕೆ ಬೆನ್ನು ಮಾಡಿ, ಕಟಿಂಗ್ ಅಂಗಡಿಯ ಕಡೆಗೆ ಮುಖ ಮಾಡಿ ಇಪ್ಪತ್ತು ನಿಮಿಷ ನಿಂತರು. ಬಿಸಿಲು ಕಣ್ಣಿಗೆ ಬಡಿಯುತ್ತಿರಬೇಕು ಎಂದುಕೊಂಡು ನಾನು ಅವರ ಬೆನ್ನುಗಳಿಗೆ ಇತಿಹಾಸ ಹೇಳಿದೆ.

ಹೋಗುವಾಗ ಆ ತಾಯಿ ಕೈ ಮುಗಿದು, "ಎಲ್ಲಾ ಚೆನ್ನಾಗಿತ್ತಪ್ಪ. ಆನೆ ಮಾತ್ರ ಬರಲೇ ಇಲ್ಲ," ಅಂದರು.

ಎರಡು: ರಾಣಿಯ ಸುರಂಗ

ಆ ತಾಯಿಯ ಮಾತಿನಿಂದ ನನ್ನ ತಪ್ಪು ಹೊಳೆದಿತ್ತು, ಎರಡನೇ ರವಿವಾರ ಹಿಂದಕ ಅನ್ನುವುದನ್ನು ನಾಲಿಗೆಯಿಂದಲೇ ತೆಗೆದು ಹಾಕಿದ್ದೆ. ಹುಬ್ಬಳ್ಳಿಯಿಂದ ಐವರು ಬಂದಿದ್ದರು. ಹಳೇ ಗೋಡೆಯ ಹತ್ತಿರ ಅವರಲ್ಲೊಬ್ಬರು ನೆಲಮಟ್ಟದಲ್ಲಿದ್ದ ಒಂದು ಕಿಂಡಿ ತೋರಿಸಿ, "ಇದೇನ್ರಿ?" ಅಂದರು.

ನನಗೆ ಗೊತ್ತಿರಲಿಲ್ಲ. ಗೊತ್ತಿಲ್ಲ ಅನ್ನುವ ಅಭ್ಯಾಸ ನಮ್ಮ ಮನೆತನದಲ್ಲೇ ಇಲ್ಲ.

"ಸುರಂಗರಿ," ಅಂದೆ. "ವೈರಿ ಬಂದ್ರ ರಾಣಿ ಇದರಾಗಿಂದ ಪಾರಾಗತಿದ್ಲು. ಸೀದಾ ವಿಜಾಪುರಕ್ಕ ಹೋಗತೈತಿ. ಮಂದಿ ಯಾರೂ ಒಳಗ ಹೋಗಿಲ್ಲ, ಹೋದವರು ಬಂದಿಲ್ಲ."

ಐವರೂ ಮೊಬೈಲ್ ತೆಗೆದು ಬಗ್ಗಿದರು. ಒಬ್ಬರಂತೂ ಕಿಂಡಿಯೊಳಗೇ ಮುಖವಿಟ್ಟು, "ತಂಪ ಗಾಳಿ ಬರಾಕತ್ತೈತಿ ನೋಡ್ರಿ!" ಅಂದರು. ನಾನೂ ಬಗ್ಗಿ, "ಅದು ವಿಜಾಪುರದ ಗಾಳಿರಿ," ಅಂದೆ.

ಆಗ ಒಳಗೆ ಗುಳುಗುಳು ಸದ್ದಾಯಿತು. ಮರುಕ್ಷಣ ಸಬಕಾರದ ನೊರೆ ತುಂಬಿದ ಬಿಸಿನೀರು ಬುಸ್ಸೆಂದು ಬಂದು ನಮ್ಮ ಮುಖಕ್ಕೆ ಹೊಡೆಯಿತು. ಗೋಡೆಯ ಆಚೆ ಮನೆಯ ಬಾಗಿಲು ತೆರೆದು ಒಬ್ಬ ಮುದುಕಿ ಸೊಂಟಕ್ಕೆ ಕೈ ಇಟ್ಟು ನಿಂತಳು.

"ಏನ ನೋಡಾಕತ್ತೀರೋ ನಮ್ಮ ಬಚ್ಚಲ ಮೋರಿಯಾಗ?"

"ಆಯಿ, ಇವರಿಗೆ ರಾಣಿ..." ಎಂದು ತಡವರಿಸಿದೆ.

"ರಾಣಿ ಅಲ್ಲೋ ಭಾಡ್ಯಾ, ನಮ್ಮ ಸ್ವಸಿ ಜಳಕಾ ಮಾಡಾಕತ್ತಾಳ. ಇನ್ನೂ ಎರಡ ಕೊಡ ನೀರ ಅದಾವು. ನಿಲ್ಲತಿ ಏನ್?"

ಮೂರು: ಬೀಗರು

ಈ ಎರಡೂ ಸುದ್ದಿ ಮಾಸ್ತರರಿಗೆ ನನಗಿಂತ ಮೊದಲೇ ಮುಟ್ಟಿದ್ದವು. ಫೋನಿನಲ್ಲಿ ಬೈಯಲಿಲ್ಲ. "ಇನ್ನ ಎರಡ ಉಳದಾವು ತಮ್ಮಾ," ಅಂದರು ಅಷ್ಟೇ. ಬೈದಿದ್ದರೆ ಚೆನ್ನಾಗಿರುತ್ತಿತ್ತು. ಹನ್ನೊಂದು ವರ್ಷದ ಕೆಲಸ ನನ್ನ ಕೈಯಲ್ಲಿ ಮುಗಿದು ಹೋಗುತ್ತದೆ ಅನ್ನುವುದು ಆ ದಿನ ಮೊದಲ ಸಲ ಹೊಳೆಯಿತು.

ಮೂರನೇ ರವಿವಾರ ಧಾರವಾಡದಿಂದ ಎಂಟು ಮಂದಿ ಬರುವವರಿದ್ದರು, ಬಸ್‌ಸ್ಟ್ಯಾಂಡಿನಿಂದ ಕರೆದುಕೊಳ್ಳಬೇಕಿತ್ತು. ಗೋಕಾಕದಿಂದ ನನ್ನ ಬಸ್ಸು ಅರ್ಧ ತಾಸು ತಡ. ಇಳಿಯುತ್ತಲೇ ನೋಡಿದರೆ ಎಂಟು ಮಂದಿ, ಇಸ್ತ್ರಿ ಬಟ್ಟೆ, ದಾರಿ ಕಾಯುವ ಮುಖ.

"ತಡಾ ಆತು, ತಪ್ಪ ತಿಳಕೋಬ್ಯಾಡ್ರಿ," ಅಂದೆ. "ನಡೀರಿ, ತೋರಸ್ತೇನಿ."

ತಲೆಗೆ ಪಟಕಾ ಸುತ್ತಿದ ಹಿರಿಯನೊಬ್ಬ, "ಕರಿಯಾಕ ಬಂದಾಂವ ನೀನ ಏನಪಾ?" ಅಂದ.

"ನಾನರಿ."

ಎಂಟು ಮಂದಿ ತುಟಿ ಪಿಟಕ್ಕೆನ್ನದೆ ಹಿಂಬಾಲಿಸಿದರು. ಇಷ್ಟು ಶಿಸ್ತಿನ ಮಂದಿಯನ್ನು ನಾನು ಕಂಡಿರಲಿಲ್ಲ. ಒಬ್ಬ ಹುಡುಗ ಮಾತ್ರ ಹೊಸ ಅಂಗಿಯಲ್ಲಿ ಬೆವೆತು ತೊಯ್ದು ಹೋಗಿದ್ದ. ಇತಿಹಾಸಕ್ಕೆ ಇಷ್ಟು ಬೆವರುವವರಿದ್ದಾರಲ್ಲ ಎಂದು ಅವನ ಮೇಲೆ ಪ್ರೀತಿ ಬಂತು.

ಗುಮ್ಮಟದ ಮುಂದೆ ನಿಂತು, "ವಯಸ್ಸ ಆಗೈತಿ ಖರೆ. ಆದ್ರ ಗಟ್ಟಿ ಐತಿ. ಇನ್ನೂ ನೂರ ವರ್ಷ ಹೊಂದಕೊಂಡ ನಿಲ್ಲತೈತಿ," ಅಂದೆ.

ಹೆಂಗಸರು ಒಬ್ಬರ ಮುಖ ಒಬ್ಬರು ನೋಡಿದರು. ಹುಡುಗ ಕರವಸ್ತ್ರ ತೆಗೆದ.

"ಮುಂದ ಇನ್ನೊಂದ ಐತ್ರಿ. ಅದು ಸ್ವಲ್ಪ ಬಿರಕ ಬಿಟ್ಟೈತಿ. ಬಣ್ಣಾನೂ ಹೋಗೇತಿ. ಆದ್ರೂ ದೂರದಿಂದ ನೋಡಾಕ ಚಂದ."

"ಮೊದಲನೇದ ಚಲೋ ಇತ್ತೇನೋ," ಎಂದು ಒಬ್ಬ ಅಜ್ಜಿ ಪಿಸುಗುಟ್ಟಿದಳು.

ಎರಡನೆಯದನ್ನೂ ತೋರಿಸಿ, ಬಾವಿಯನ್ನೂ ತೋರಿಸಿ, ಅದರ ಆಳ ಹೇಳುತ್ತಿದ್ದಾಗ ಪಟಕಾದ ಹಿರಿಯ ಬಂದು ನನ್ನ ಹೆಗಲ ಮೇಲೆ ಕೈ ಇಟ್ಟ.

"ತಮ್ಮಾ, ನಾವು ಅರಭಾವಿಯಿಂದ ಕನ್ಯಾ ನೋಡಾಕ ಬಂದವರು. ನೀ ಎರಡ ಗೋರಿ ತೋರಿಸಿದಿ, ಈಗ ಬಾವಿ ತೋರಸಾಕತ್ತಿ. ಬ್ಯಾಡಂದ್ರ ಬ್ಯಾಡ ಅಂತ ಬಾಯಿಬಿಟ್ಟ ಹೇಳಬಾರದೇನೋ?"

ನಾಲ್ಕು: ಕತ್ತಿ

ಧಾರವಾಡದ ಎಂಟು ಮಂದಿ ಅಂದು ಬಸ್‌ಸ್ಟ್ಯಾಂಡಿನಲ್ಲೇ ಕಾದು ಕಾದು ತಿರುಗಿ ಹೋದರು. ಮಾಸ್ತರರು ಮತ್ತೆ ಬೈಯಲಿಲ್ಲ. "ಬರೂ ರವಿವಾರ ಕಡೀದು. ನಾನೂ ಆಟೋದಾಗ ಹಿಂದ ಬರತೇನಿ. ನೋಡಿ, ನಿಲ್ಲಸೂದೋ ಏನ ಅಂತ ಅಲ್ಲೇ ಹೇಳ್ತೇನಿ," ಅಂದರು.

ತೊಂದರೆ ಏನೆಂದರೆ, ಮೂರೂ ರವಿವಾರ ಜಯಭೇರಿ ಬಾರಿಸಿದೆ ಎಂದು ನಾನು ಮೇಲವಂಕಿಯಲ್ಲಿ ಹೇಳಿಬಿಟ್ಟಿದ್ದೆ. ಹಾಗಾಗಿ ನಮ್ಮವ್ವ ಮತ್ತು ಕಾಕಾ ಕೂಡ ನನ್ನ ವೈಭವ ನೋಡಲು ಹೊರಟರು. ಅವ್ವನನ್ನು ಖುಷಿಪಡಿಸಲೆಂದು ಇನ್ನೊಂದು ಮಾತು ಬಿಟ್ಟಿದ್ದೆ: ಹುಕ್ಕೇರಿಯ ಬಾವಿಯ ಬಾಜೂ ಇರುವ ಕಲ್ಲು ನಮ್ಮ ಮನೆತನದ ವೀರನದು. ಅವ್ವ ಅರಿಷಿಣ ಕುಂಕುಮದ ಬಟ್ಟಲು ಹಿಡಿದೇ ಬಂದಳು.

ಈ ಧೈರ್ಯಕ್ಕೆ ಆಧಾರ ಇತ್ತು. ಕಥೆ ಹೇಳಿಕೊಟ್ಟ ದಿನ ಮಾಸ್ತರರು, "ಬಾವಿ ಬಾಜೂ ಕಲ್ಲಿನ ಮ್ಯಾಲ ಕತ್ತಿ ಐತಿ, ಅದನ್ನ ತಪ್ಪದ ತೋರಸು," ಅಂದಿದ್ದರು. ಮುಂದೆ ಏನೋ ಹೇಳಿದರು, ಅಷ್ಟರಲ್ಲಿ ನನ್ನ ಮೊಬೈಲಿಗೆ ಫೋನ್ ಬಂದಿತ್ತು. ಮೊದಲ ಮೂರು ರವಿವಾರ ಆ ಕಲ್ಲಿಗೆ ಮುಟ್ಟುವ ಮೊದಲೇ ಮರ್ಯಾದೆ ಮುಗಿಯುತ್ತಿದ್ದುದರಿಂದ ಅದನ್ನು ತೋರಿಸುವ ಪ್ರಸಂಗ ಬಂದಿರಲಿಲ್ಲ.

ಅಂದು ಬೆಳಗಾವಿಯ ಆರು ಮಂದಿ. ಗುಮ್ಮಟ ಸರಿಯಾಯಿತು. ಗೋಡೆ ಸರಿಯಾಯಿತು. ಹಿಂದೆ ಆಟೋದಲ್ಲಿ ಮಾಸ್ತರರು ತಲೆ ಅಲ್ಲಾಡಿಸುವುದು ಕಂಡು ನನ್ನ ಎದೆ ಎರಡು ಗೇಣು ಉಬ್ಬಿತು. ಕಲ್ಲಿನ ಮುಂದೆ ಬಂದು ನಿಂತೆವು. ಸವೆದ ಕಲ್ಲು. ಮೇಲೆ ಒಂದು ಉಬ್ಬು, ಅದರ ತುದಿಗೆ ಎರಡು ಚೂಪು, ಕೆಳಗೆ ಬಿದ್ದುಕೊಂಡ ಮನುಷ್ಯಾಕೃತಿ.

"ನೋಡ್ರಿ ಈ ವೀರನ್ನ!" ಅಂದೆ. "ಎರಡೂ ಕೈಯಾಗ ಎರಡ ಕತ್ತಿ ಎತ್ತ್ಯಾನ. ಕೆಳಗ ಬಿದ್ದಾಂವ ವೈರಿ. ಈ ವೀರ ಯಾರಂತೀರಿ? ನಮ್ಮ ಮುತ್ತ್ಯಾನ ಮುತ್ತ್ಯಾ!"

ಕಾಕಾ ಮೆಲ್ಲಗೆ, "ನಮ್ಮ ಮಂದಿ ಮೇಲವಂಕಿ ಬಿಟ್ಟ ಗೋಕಾಕ ಸಂತಿಗೂ ಹೋಗಿದ್ದಿಲ್ಲಲೋ," ಅಂದ.

"ಸುಮ್ನಿರ ಕಾಕಾ. ಈ ಮಾರಿ ನೋಡ್ರಿ, ಆ ಕಲ್ಲ ನೋಡ್ರಿ," ಎಂದು ನಾನು ಕಲ್ಲಿನ ಪಕ್ಕ ಮುಖವಿಟ್ಟು ನಿಂತೆ. "ಅದ ಗತ್ತು, ಅದ ರಕ್ತ!"

ಆರೂ ಮಂದಿ ಫೋಟೋ ಹೊಡೆದರು. ಅವ್ವನ ಕಣ್ಣಲ್ಲಿ ನೀರು.

ಆಟೋದಿಂದ ಮಾಸ್ತರರು ಕೋಲು ಊರಿಕೊಂಡು ಇಳಿದರು. "ನಾ ನಿನಗ ಈ ಕಲ್ಲಿನ ಮ್ಯಾಲ ಏನ ಐತಿ ಅಂತ ಹೇಳಿದ್ದೆ?"

"ಕತ್ತಿ ಐತಿ ಅಂದಿದ್ರಿ ಸರ್."

"ಎಂಥಾ ಕತ್ತಿ?"

"ಯುದ್ಧದ ಕತ್ತಿರಿ."

"ಮಂಗ್ಯಾ, ನಾಲ್ಕ ಕಾಲಿನ ಕತ್ತಿ ಯಾವ ಯುದ್ಧಕ್ಕ ಒಯ್ತಾರೋ?"

ಒಂದು ಗಳಿಗೆ ಯಾರಿಗೂ ತಿಳಿಯಲಿಲ್ಲ. ಆಮೇಲೆ ತಿಳಿದದ್ದು ಎಲ್ಲರಿಗೂ ಒಟ್ಟಿಗೇ. ಪುಸ್ತಕದಲ್ಲಿ ಅದು ಕತ್ತೆ. ನಮ್ಮ ಬಾಯಲ್ಲಿ ಮನೆ ಮನಿಯಾದಂತೆ ಕತ್ತೆಯೂ ಕತ್ತಿಯೇ. ನಾನು 'ಎತ್ತಿದ ಕತ್ತಿ' ಅಂದದ್ದು ಅದರ ಎರಡು ಕಿವಿ.

ಮಾಸ್ತರರು ಬಂದವರ ಕಡೆ ತಿರುಗಿ ನಿಧಾನಕ್ಕೆ ಹೇಳಿದರು: "ಇದು ಶಾಪದ ಕಲ್ಲರಿ. ಯಾರೋ ಪುಣ್ಯಾತ್ಮ ಹೊಲಾ ದಾನಾ ಕೊಟ್ಟಾನ. ಆ ಹೊಲಾ ನುಂಗಿದವನ ಗತಿ ಕತ್ತಿ ಕಡೆಯಿಂದ ಏನಾಗತೈತಿ ಅಂತ ಕೆತ್ತ್ಯಾರ. ಹೆಣ್ಮಕ್ಕಳ ಮುಂದ ಇದಕ್ಕಿಂತ ಬಿಡಿಸಿ ಹೇಳೂದ ಬ್ಯಾಡ. ಕೆಳಗ ಬಿದ್ದಾಂವ ವೈರಿ ಅಲ್ಲ, ಹೊಲಾ ನುಂಗಿದಾಂವ."

ಕಾಕಾ ಬಾವಿಯ ಕಟ್ಟೆ ಹಿಡಿದು ಕುಳಿತು ನಕ್ಕ. ಬೆಳಗಾವಿಯವರು ಇನ್ನೊಮ್ಮೆ ಫೋಟೋ ಹೊಡೆದರು, ನನ್ನ ಕಿವಿಯೂ ಬರುವ ಹಾಗೆ. ನನಗೆ ಆ ಬಾವಿಯ ಆಳ ಅಂದು ಸಾಲದೆನಿಸಿತು.

"ಸರ್," ಅಂದೆ. ಧ್ವನಿ ನನ್ನದೇ ಅಲ್ಲ ಅನ್ನುವಷ್ಟು ಸಣ್ಣಗಾಗಿತ್ತು. "ನೀವು ಹೇಳೂ ಮುಂದ ನಾ ಅರ್ಧಾನೂ ಕೇಳಿದ್ದಿಲ್ಲ. ತಪ್ಪ ಆತು. ನಿಮ್ಮ ಹನ್ನೊಂದ ವರ್ಷದ ಮರ್ಯಾದಿ ನಾಲ್ಕ ವಾರದಾಗ ಕಳದೆ. ನಾ ಇದಕ್ಕ ಲಾಯಕ್ ಅಲ್ರಿ, ಬ್ಯಾರೆಯವರನ್ನ ನೋಡ್ರಿ."

ಮಾಸ್ತರರು ಕೋಲನ್ನು ಕಲ್ಲಿಗೆ ಊರಿ ನಿಂತರು.

"ಹನ್ನೊಂದ ವರ್ಷ ನಾ ಇಲ್ಲಿ ಒಂದೂ ತಪ್ಪ ಹೇಳಿಲ್ಲ," ಅಂದರು. "ಈ ಕಲ್ಲಿಗೆ ಬರೂದ್ರಾಗ ಅರ್ಧಾ ಮಂದಿ ಆಕಳಸತಿದ್ರು. ಇವತ್ತ ಒಬ್ಬರೂ ಆಕಳಿಸಿಲ್ಲ. ಬರೂ ರವಿವಾರಾನೂ ನೀನ ಬಾ. ಆದ್ರ ವಾರಕ್ಕ ಎರಡ ಸಂಜಿ ನನ್ನ ಮುಂದ ಕುಂತು ಕಲೀಬೇಕು, ಮೊಬೈಲ್ ಹೊರಗಿಟ್ಟು. ಮತ್ತ ಈ ಕಲ್ಲಿನ ಮುಂದ ನಿಂತಾಗೆಲ್ಲ ನಿನ್ನ ತಪ್ಪ ನೀನ ಬಾಯಿಬಿಟ್ಟ ಹೇಳಬೇಕು."

ನಾನು ಅವರ ಕಾಲು ಮುಟ್ಟಲು ಬಗ್ಗಿದೆ. ಅಷ್ಟರಲ್ಲಿ ಇಷ್ಟೂ ಹೊತ್ತು ಬಟ್ಟಲು ಹಿಡಿದು ಗೊಂದಲದಲ್ಲಿ ನಿಂತಿದ್ದ ಅವ್ವ ಮುಂದೆ ಬಂದಳು.

"ಅಲ್ರಿ ಮಾಸ್ತರ, ಮುತ್ತ್ಯಾನ ಮುತ್ತ್ಯಾ ಅಂತ ನಂಬಿ ಬಂದೇನಿ. ಇವೆರಡರಾಗ ನಮ್ಮವ ಯಾಂವರಿ? ಮ್ಯಾಲಿಂದೋ, ಕೆಳಗಿಂದೋ? ಕುಂಕುಮ ಯಾರಿಗೆ ಹಚ್ಚಲಿ?"

ಮಾಸ್ತರರು ಕೋಲನ್ನು ಕಲ್ಲಿನಿಂದ ತೆಗೆದು, ಬಗ್ಗಿದ್ದ ನನ್ನ ಬೆನ್ನಿನ ಮೇಲೆ ಇಟ್ಟರು.

"ಇವಗ ಹಚ್ಚ್ರಿ ಯವ್ವಾ. ಎರಡೂ ಇವನ ಅದಾನ."