ಮಾಮನ ಹಿಡಿಕೆ, ಅಜ್ಜಿಯ ಕೊಂಡಿ

ನನ್ನ ಸೋದರಮಾವನ ಚಿತ್ರಯಂತ್ರಕ್ಕೆ ಶ್ರೀಮಂತರನ್ನು ಕಂಡರೆ ಜ್ವರ ಬರುತ್ತಿತ್ತು! ನಂಬುವುದಿಲ್ಲವೇ? ಬಾಗಲಕೋಟೆಯ ಅರಳೆ ವ್ಯಾಪಾರಿಯೊಬ್ಬರು ಜರಿ ರುಮಾಲು ಸುತ್ತಿ, ಮೀಸೆಗೆ ಎಣ್ಣೆ ಹಚ್ಚಿ, ಕುರ್ಚಿ ಸಮೇತ ಬಂದು ನಿಂತಾಗ ಮಾಮ ಪೆಟ್ಟಿಗೆಯ ಮೇಲೆ ಅಂಗೈ ಇಟ್ಟು ನೋಡಿದ.

"ಮೈ ಸುಡಾಕತ್ತೈತ್ರಿ ಇದರದು. ಇವತ್ತ ಆಗೂದಿಲ್ರಿ."

ಕುರ್ಚಿ ಓಣಿ ದಾಟುವುದರೊಳಗೆ ಜ್ವರ ಇಳಿದಿತ್ತು. ಎದುರಿಗೆ ಪಿಂಜಾರ ಮುದುಕನೊಬ್ಬ ಗಾದಿಗೆ ಅರಳೆ ಹಿಂಜುತ್ತಿದ್ದ, ಮಾಮ ಪೆಟ್ಟಿಗೆಯನ್ನು ಅವನತ್ತ ತಿರುಗಿಸಿಬಿಟ್ಟ, ನೋಡಿ! (ಕುರ್ಚಿ ಖರೇ ಇತ್ತೋ ಇಲ್ಲವೋ, ಆಣೆ ಮಾಡಲಾರೆ. ಹೇಳಿ ಹೇಳಿ ನಾನೇ ತಂದಿಟ್ಟಿರಬಹುದು.)

ಮುಂಬಯಿಯಿಂದ ತಂದ ಆ ಪೆಟ್ಟಿಗೆಯ ಹಿಡಿಕೆ ತಿರುಗಿಸಿದರೆ ಒಳಗಿನ ಸುರುಳಿಯಲ್ಲಿ ಓಡಾಡುವ ಚಿತ್ರ ಮೂಡುತ್ತಿತ್ತು; ಹಿಂದೆ ದೀಪವಿಟ್ಟರೆ ಅದೇ ಪೆಟ್ಟಿಗೆ ಚಿತ್ರವನ್ನು ತೋರಿಸುತ್ತಲೂ ಇತ್ತು. ಹಿಡಿಕೆ ಒಂದೇ ಸಮ ತಿರುಗಬೇಕು, ಇಷ್ಟೇ ನಿಯಮ. ಮಾಮನಿಗೆ ಅದೊಂದೇ ಬರುತ್ತಿರಲಿಲ್ಲ. ಯಾರೂ ತಿರುಗಿ ನೋಡದ ದುಡಿಯುವ ಜನರನ್ನು ನೋಡುತ್ತ ಮೈಮರೆತು, ಅವರ ಕೈಯ ಲಯಕ್ಕೇ ತಿರುಗಿಸುತ್ತಿದ್ದ. ಪೆಟ್ಟಿಗೆಗೋ ವಕ್ರಬುದ್ಧಿ: ಬೇಗ ತಿರುಗಿಸಿ ತೆಗೆದದ್ದು ಪರದೆಯ ಮೇಲೆ ನಿಧಾನ, ನಿಧಾನ ತೆಗೆದದ್ದು ಓಟ!

ಬಾದಾಮಿಯ ಕಲ್ಲುಕುಟಿಗರು ಪಟಪಟ ಬಡಿದರು, ಮಾಮ ಪಟಪಟ ತಿರುಗಿಸಿದ. ಧೋತರದ ಪರದೆಯಲ್ಲಿ ಸುತ್ತಿಗೆಗಳು ನವಿಲುಗರಿಯಂತೆ ಇಳಿದವು. ಅವರಲ್ಲೊಬ್ಬ ಗಂಭೀರವಾಗಿ ಕೇಳಿದ: "ಇಷ್ಟ ಆರಾಮ ಬಡದ್ರ ನಮ್ಮ ಮುಕಾದಮ ಸುಮ್ಮನಿರ್ತಾನೇನ್ರಿ?"

ಮುಂದೆ ಇಳಕಲ್ಲಿನ ಒಂದು ನೇಕಾರರ ಮನೆ. ಸೀರೆಯ ಒಡಲಿನ ಎಳೆಗಳಿಗೆ ಸೆರಗಿನ ಎಳೆಗಳನ್ನು ಒಂದೊಂದಾಗಿ ಕೊಂಡಿ ಹಾಕಿ ಕೂಡಿಸಬೇಕು. ಅಲ್ಲಿ ಆ ಕೆಲಸ ಅಜ್ಜಿಯದು. ಬೆರಳು ಸೆಟೆದು ಕೆಲಸ ನಿಧಾನವಾಗಿತ್ತು. ಮುಂದಿನ ಸೀರೆಯಿಂದ ತಾನೇ ಕೊಂಡಿ ಹಾಕುವುದೆಂದು ಸೊಸೆ ನಿಶ್ಚಯಿಸಿದ್ದಳು. ಅವಳ ತಪ್ಪೇನು? ಮಗ್ಗ ಖಾಲಿ ನಿಲ್ಲುತ್ತಿತ್ತು.

"ಕೊಂಡಿ ಕೆಲಸ ಬಿಡಿಸಿದ್ರ ಈ ಕೈ ಇದ್ದೇನ ಮಾಡ್ಯಾವು?" ಎಂದು ಅಜ್ಜಿ ಮಾಮನಿಗೆ ಹೇಳಿದ್ದು ಮಾತ್ರ ನನಗೆ ನಿಚ್ಚಳ ನೆನಪು. ಮಾಮ ಅವಳ ಕೈಗಳ ಚಿತ್ರವನ್ನಷ್ಟೇ ತೆಗೆದ. ಹಿಡಿಕೆ ಅವಳ ಬೆರಳಿನಷ್ಟೇ ನಿಧಾನವಾಗಿ ತಿರುಗಿತು.

ಸುರುಳಿ ಮುಂಬಯಿಗೆ ಹೋಗಿ ತೊಳೆಸಿಕೊಂಡು ಬಂದಾಗ ಮಗ್ಗದ ಉದ್ದೆಳೆಗಳ ಹಾಸಿನ ಮುಂದೆ ಕೊಂಡಿ ಹಾಕಲು ಸೊಸೆ ಕೂತಿದ್ದಳು, ಅಜ್ಜಿ ಬಾಗಿಲ ಬಳಿ. ಹಾಡುಹಗಲೇ ಕಿಟಕಿಗೆ ಕಂಬಳಿ ಕಟ್ಟಿದೆವು. ತೋರಿಸುವಾಗ ಹಿಡಿಕೆ ನನ್ನದು. ಸಾಲಿ ಮಾಸ್ತರನಾದ ನನಗೆ ಒಂದೇ ಸಮ ಎಣಿಸುವುದೇ ಕಸುಬು.

ಪರದೆಯಲ್ಲಿ ಬೆರಳುಗಳು ಗುಬ್ಬಚ್ಚಿಯಂತೆ ಹಾರಿದವು. ಅಜ್ಜಿ ಹುಬ್ಬು ಗಂಟಿಕ್ಕಿದಳು.

"ಯಾರವಾ ಆಕಿ? ಎಳಿ ಹರದೀತು. ಸಾವಕಾಶ ಹಾಕು ಅನ್ರಿ ಆಕಿಗೆ."

ಎಲ್ಲರೂ ನಕ್ಕರು. ಸೊಸೆ ನಗಲಿಲ್ಲ. "ಅತ್ತಿ, ಮಣಿಕಟ್ಟಿನ ಮ್ಯಾಲಿನ ಹಚ್ಚಿ ನೋಡ್ರಿ. ಅವು ನಿಮ್ಮ ಕೈ."

ಅಜ್ಜಿ ದೀಪದ ಬೆಳಕಿಗೆ ತನ್ನ ಕೈಗಳನ್ನು ಹಿಡಿದು ಹೊರಳಿಸಿ ಹೊರಳಿಸಿ ನೋಡಿದಳು. ನಾನು ಮಾಸ್ತರನಲ್ಲವೇ, ಯಂತ್ರದ ಗುಟ್ಟು ವಿವರಿಸಲು ಬಾಯಿ ತೆರೆದೆ. ಮಾಮ ನನ್ನ ಕಾಲು ತುಳಿದ.

ಸೊಸೆ ಎದ್ದು ಜಾಗ ಬಿಟ್ಟಳು. "ಬರ್ರಿ. ನಾ ಎಳಿ ಹಿಡಿದು ಕೊಡ್ತೇನಿ, ನೀವು ಕೊಂಡಿ ಹಾಕ್ರಿ."

ಮಾಮ ಅಂದು ಮೈಮರೆತೇ ನಿಧಾನ ತಿರುಗಿಸಿದನೇ? ಇಷ್ಟು ವರ್ಷ ಹಾಗೆಂದೇ ಹೇಳಿ ಜನರನ್ನು ನಗಿಸಿದ್ದೇನೆ. ಆದರೆ ತಾಳವೇ ಬಾರದ ಆ ಮನುಷ್ಯನ ಕಾಲು ನನ್ನ ಕಾಲ ಮೇಲೆ ಬಿತ್ತಲ್ಲ, ಆಗ ಒಂದು ಕ್ಷಣವೂ ಆಚೀಚೆ ಆಗಿರಲಿಲ್ಲ.